ದಬ್ಬಣದಕ್ಕನ ಮೇಲೆ ಮೋಸದ ಕೇಸು

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ದಬ್ಬಣದಕ್ಕ ಆಗಲೇ ಮೂಗು ಬಾಯಿಗೆ ಬಟ್ಟೆ ಕಟ್ಟಿಕೊಂಡು, ಶೆಡ್ಡಿನ ನೆಲದಲ್ಲಿ ಕೂತು ಹಳೆಯ ಹಾಸಿಗೆಯೊಂದರ ಹೊಲಿಗೆ ಬಿಚ್ಚುತ್ತಿದ್ದಾರೆ. ಗಂಟುಗಟ್ಟಿದ ಹತ್ತಿಯನ್ನು ಬಿಡಿಸಿ ಗಂಡನತ್ತ ತಳ್ಳುತ್ತಾರೆ. ಅವರು ಅದನ್ನು ಯಂತ್ರಕ್ಕೆ ಕೊಟ್ಟು ಹಿಂಜುತ್ತಾರೆ. ಗಾಳಿ ಏಳುವ ಮೊದಲೇ ಈ ಕೆಲಸ ಮುಗಿಯಬೇಕು. ತಡವಾದರೆ ಹತ್ತಿ ಬೀದಿಯ ಪಾಲು, ಬೈಗುಳ ಇವರ ಪಾಲು.

“ನಮ್ಮೆಜಮಾನ್ರ ತಲೆ ನೋಡಿ. ಯಾವ್ದು ಹತ್ತಿ, ಯಾವ್ದು ಕೂದ್ಲು ಅಂತ ನಂಗೇ ಗೊತ್ತಾಗಲ್ಲ” ಎಂದು ನಗುತ್ತಾರೆ. ಗಂಡ ತಲೆಯೆತ್ತದೆ ಇನ್ನೊಂದು ಹಿಡಿ ಹತ್ತಿಯನ್ನು ಯಂತ್ರಕ್ಕೆ ಕೊಡುತ್ತಾರೆ. ಯಂತ್ರದ ಸದ್ದಿಗೆ ಕೇಳಿಸಲಿಲ್ಲವೋ, ಜಾಣಕಿವುಡೋ ಹೇಳುವುದು ಕಷ್ಟ.

ಹಾಸಿಗೆ ಹೊಲಿಯುವುದು ನಂಬಿಕೆಯ ಕಸುಬು. ಗಿರಾಕಿ ಕೊಟ್ಟ ಹತ್ತಿಯೇ ವಾಪಸು ಬಂತೋ, ಗಿರಣಿಯ ಕಸ ಬಂತೋ ಹೊರಗಿನಿಂದ ಯಾರಿಗೂ ತಿಳಿಯುವುದಿಲ್ಲ. ಅಂಥ ಕಸುಬಿನವರ ಮೇಲೆ ಮೋಸದ ಕೇಸು ಬಿತ್ತು.

ಹೊಸ ಹತ್ತಿಯನ್ನು ಸಾಲಕ್ಕೆ ತರುವಾಗ ಹತ್ತಿ ಮಂಡಿಯ ಯಜಮಾನರಿಗೆ ಸಹಿ ಮಾಡಿದ ಚೆಕ್ಕು ಕೊಡುವುದು ಈ ಕಸುಬಿನ ವಾಡಿಕೆ. ಖಾತೆ ಬರಿದು ಎಂದು ಇಬ್ಬರಿಗೂ ಗೊತ್ತು. ಚೆಕ್ಕು ಭದ್ರತೆಗೆಂದು ಗಲ್ಲಾಪೆಟ್ಟಿಗೆಯಲ್ಲಿರುತ್ತದೆ. ಹಾಸಿಗೆ ಮಾರಿ ನಗದು ತೀರಿಸಿದ ಮೇಲೆ ಅದು ವಾಪಸು ಬರುತ್ತದೆ. ವರ್ಷಗಟ್ಟಲೆ ಹೀಗೇ ನಡೆದಿತ್ತು. ಆಮೇಲೆ ಮಂಡಿಯ ಯಜಮಾನರಿಗೆ ಪಾರ್ಶ್ವವಾಯು ಬಡಿಯಿತು. ಅದೇ ಹೊತ್ತಿಗೆ, ಇವರಿಗೆ ಹಾಸಿಗೆ ಹೇಳಿದ್ದ ಹಾಸ್ಟೆಲ್ಲೊಂದು ಬಾಗಿಲು ಹಾಕಿ, ಹೊಲಿದ ಮಾಲೆಲ್ಲ ಶೆಡ್ಡಿನಲ್ಲೇ ಉಳಿಯಿತು. ಮಂಡಿಗೆ ಬಂದು ಕೂತ ಯಜಮಾನರ ಅಳಿಯನಿಗೆ ವಾಡಿಕೆ ತಿಳಿಯದು. ಚೆಕ್ಕನ್ನು ಬ್ಯಾಂಕಿಗೆ ಹಾಕಿದರು, ಅದು ಬೌನ್ಸ್ ಆಯಿತು. ಚೆಕ್ ಬೌನ್ಸ್ ಕೇಸು ಸಾಲದೆಂದು ಪೊಲೀಸರಿಗೆ ವಂಚನೆಯ ದೂರನ್ನೂ ಕೊಟ್ಟರು.

“ಸಾಲ ಕೊಡ್ಬೇಕಿತ್ತು, ನಿಜ. ಇಲ್ಲ ಅಂದ್ರೆ ನಾಲಿಗೆ ಬಿದ್ದು ಹೋಗುತ್ತೆ. ಆದ್ರೆ ಮೋಸ ಅಂದ್ಬಿಟ್ರಲ್ಲ! ಒಬ್ಬೊಬ್ರೇ ಬಂದು ಕೊಟ್ಟಿದ್ದ ಹಾಸಿಗೆ ವಾಪಸ್ ತಗೊಂಡು ಹೋದ್ರು. ಪಕ್ಕದ್ಮನೆಯವ್ರು ದಿಂಬನ್ನೂ ಬಿಡ್ಲಿಲ್ಲ.”

ವಂಚನೆಯ ಕೇಸು ರದ್ದು ಮಾಡಿ ಎಂದು ವಕೀಲರು ಮೇಲಿನ ಕೋರ್ಟಿಗೆ ಅರ್ಜಿ ಹಾಕಿದರು. ಮಂಡಿಯ ಯಜಮಾನರಿಂದ ಒಂದು ಮಾತು ಬರೆಸಿ ತಂದರೆ ಒಳ್ಳೆಯದು ಎಂದರು. ಕಾಯಿಲೆಯವರನ್ನು ಕೋರ್ಟಿಗೆ ಎಳೆಯಲು ದಬ್ಬಣದಕ್ಕನಿಗೆ ಮನಸ್ಸಾಗಲಿಲ್ಲ. ಯಜಮಾನರ ಮನೆಗೆ ಹೋದದ್ದು ಮಾತೇ ಆಡದ ಈ ಗಂಡ. ಮಂಚದ ಪಕ್ಕ ಸುಮ್ಮನೆ ಕೂತರಂತೆ. ಯಜಮಾನರೇ ವಿಷಯ ಕೇಳಿ, ವಕೀಲರನ್ನು ಕರೆಸಿ, ತೊದಲುತ್ತ ಹೇಳಿದರು: “ದುಡ್ಡಿಲ್ಲ ಅಂತ ಗೊತ್ತಿದ್ದೇ ಇಸ್ಕೊಂಡೆ ಕಣ್ರೀ. ಇದ್ರಲ್ಲಿ ಮೋಸ ಎಲ್ಲಿಂದ ಬಂತು?” ಎಡಗೈಯಲ್ಲಿ ಸಹಿ ಹಾಕುವಾಗ ಕಾಗದ ಹಿಡಿದುಕೊಂಡದ್ದು ಅಳಿಯನೇ.

ಕೋರ್ಟು ಅದನ್ನೇ ಹೇಳಿತು. ಚೆಕ್ಕು ಕೊಟ್ಟಾಗ ವಂಚಿಸುವ ಉದ್ದೇಶವಿರಲಿಲ್ಲ, ಪಡೆದವರು ಮೋಸ ಹೋಗಿಯೂ ಇಲ್ಲ. ವಂಚನೆಯ ಕೇಸು ರದ್ದು. ಚೆಕ್ ಬೌನ್ಸ್ ಕೇಸು ಬೇರೆ, ಅದು ಉಳಿಯಿತು. ಆಮೇಲೆ ಅದು ರಾಜಿಯಾಗಿ, ಈಗ ಸಾಲ ಕಂತಿನಲ್ಲಿ ತೀರುತ್ತಿದೆ.

“ನಂಗೆ ಒಳಗೆ ಏನೂ ಅರ್ಥ ಆಗ್ಲಿಲ್ಲ. ಆಚೆ ಬಂದ್ಮೇಲೆ ಇವ್ರು, ‘ಬಾರೇ, ಮನೆಗೆ ಹೋಗೋಣ, ನೀನು ಮೋಸ ಮಾಡಿಲ್ವಂತೆ’ ಅಂದ್ರು. ಅದನ್ನ ಕೋರ್ಟ್ ಹೇಳ್ಬೇಕಿತ್ತಾ ನಿಮ್ಗೆ ಅಂತ ರೇಗ್ದೆ. ರೇಗ್ಬಿಟ್ಟು ಅಲ್ಲೇ ಮೆಟ್ಲ ಮೇಲೆ ಕೂತು ಅತ್ತೆ.”

ಹೋದ ಗಿರಾಕಿಗಳಲ್ಲಿ ಕೆಲವರು ಮರಳಿದ್ದಾರೆ, ಕೆಲವರು ಇನ್ನೂ ಇಲ್ಲ. ಇನ್ನೇನು ಆಸೆ ಎಂದು ಕೇಳಿದೆ. ದಬ್ಬಣಕ್ಕೆ ದಾರ ಪೋಣಿಸುತ್ತಲೇ ಹೇಳಿದರು:

“ಕಂತು ಮುಗೀಲಿ, ಅಷ್ಟೇ. ಅಲ್ಲೀವರೆಗೂ ಸಾಲಗಾರ್ತಿ ಅಂತ ಕರೀಲಿ, ಓ ಅಂತೀನಿ. ಇನ್ನೊಂದು ಹೆಸ್ರಲ್ಲಿ ಕರೆದ್ರೆ ಮಾತ್ರ ತಿರುಗಿ ನೋಡಲ್ಲ.”