ಬಾಡಿಗೆ ಮನೆಯ ಗಂಡ ಹೆಂಡತಿ

ಸಿಂಧನೂರಿನ ಗೊರೇಬಾಳ ರಸ್ತೆಯ ಹೊಸ ಬಡಾವಣೆಯಲ್ಲಿ ನಾನು ಕೆಲವು ತಿಂಗಳು ಇನ್ನೊಬ್ಬಳ ಗಂಡನಿಗೆ ಹೆಂಡತಿಯಾಗಿ ಬದುಕಿದೆ. ಆಗ ನಾನು ಲಿಂಗಸುಗೂರಿನಲ್ಲಿ ಪೊಲೀಸ್ ಕಾನ್‌ಸ್ಟೆಬಲ್. ಆ ಬಡಾವಣೆಯ ಒಂದು ಮನೆಯಲ್ಲಿ ನಕಲಿ ಕೀಟನಾಶಕ ತಯಾರಿಸುತ್ತಾರೆಂಬ ಗುಮಾನಿಯಿತ್ತು. ಒಂಟಿ ಗಂಡಸಿಗೆ ಅಲ್ಲಿ ಬಾಡಿಗೆ ಮನೆ ಸಿಗುವುದಿಲ್ಲವೆಂದು ಮೇಲಿನವರು ನನ್ನನ್ನೂ ಒಬ್ಬ ಸಹೋದ್ಯೋಗಿಯನ್ನೂ ದಂಪತಿ ಮಾಡಿ ಎದುರು ಮನೆಗೆ ಕಳಿಸಿದರು. ಬಡಾವಣೆಯವರ ಪಾಲಿಗೆ ಆ ಸಹೋದ್ಯೋಗಿ ಪೈಪು ಮಾರುವವರು, ನಾನು ಗೃಹಿಣಿ. ಅವರ ನಿಜವಾದ ಹೆಂಡತಿ, ಎಳೆಗೂಸು ಮಸ್ಕಿಯಲ್ಲಿದ್ದರು.

ನನಗೆ ಒಂದು ಕಡೆ ಕೂರಲಾಗುತ್ತಿರಲಿಲ್ಲ. ಬಟ್ಟೆ ಒಣಹಾಕುವಾಗಲೂ ಕಣ್ಣು ಎದುರಿನ ಗೇಟಿನ ಮೇಲೆ. ಯಾರಾದರೂ ಮಾತಾಡಿಸಿದರೆ ಬೆರಳು ತಾನಾಗಿ ಸುಳ್ಳು ತಾಳಿಯತ್ತ ಹೋಗುತ್ತಿತ್ತು.

ಪಕ್ಕದ ಮನೆಯವರು ಕಿರಾಣಿ ವ್ಯಾಪಾರಿಯ ಹೆಂಡತಿ. ಪೂಜೆ ಮುಗಿಸಿ, ಹಣೆಯ ವಿಭೂತಿ ಹಸಿಯಿರುವಾಗಲೇ ನಮ್ಮ ಅಡುಗೆಮನೆಗೆ ಬರುತ್ತಿದ್ದರು. ಒಂದು ದಿನ ನೇರ ಕೇಳಿದರು:

“ಸ್ವಂತ ಮನಿ ಬಾಗಿಲಾ ಬಡದು ಒಳಗ ಬರೋ ಗಂಡನ್ನ ನಾ ಎಲ್ಲೂ ನೋಡಿಲ್ಲ. ನಿನಗ ‘ರೀ’ ಬ್ಯಾರೆ ಅಂತಾನ. ಓಡಿ ಬಂದೀರೇನು?”

ತಲೆ ತಗ್ಗಿಸಿದೆ. ಅದನ್ನೇ ಅವರು ಹೌದೆಂದುಕೊಂಡರು.

“ಅಂಜಬ್ಯಾಡ. ನಾ ಅದೀನಿ.”

ಅದಾಗಿ ಸ್ವಲ್ಪ ದಿನಕ್ಕೆ ಎದುರು ಮನೆಯ ಇಬ್ಬರು ಗೇಟಿಗೆ ಬಂದು, ನೀವು ಯಾವೂರಿನವರು, ಯಾರ ಪೈಕಿ ಎಂದು ವಿಚಾರಿಸತೊಡಗಿದರು. ನಾನು ತಡವರಿಸುವಷ್ಟರಲ್ಲಿ ಕಾಂಪೌಂಡಿನ ಆಚೆಯಿಂದ ಪಕ್ಕದ ಮನೆಯವರ ದನಿ ಬಂತು: “ಆಕಿ ನಮ್ಮ ಸಂತೆಕಲ್ಲೂರು ಚಿಗವ್ವನ ಮಗಳ್ರೀ. ಏನಾಗಬೇಕಿತ್ತು?” ಬಂದವರಿಬ್ಬರೂ ವಾಪಸು ಹೋದರು. ಆದರೆ ಗುರುತು ಪರಿಚಯವಿಲ್ಲದವರಿಗೆ ಜಾಮೀನು ನಿಂತಳೆಂದು ಪಕ್ಕದ ಮನೆಯವರ ಗಂಡ ವಾರಗಟ್ಟಲೆ ಹೆಂಡತಿಯೊಡನೆ ಮಾತು ಬಿಟ್ಟ.

ದಾಳಿ ನಡೆದದ್ದು ಹಾಡಹಗಲು. ಡಬ್ಬಿಗಳನ್ನೆಲ್ಲ ಜೀಪಿಗೆ ಏರಿಸಿದ ಮೇಲೆ ಖಾಕಿಯಲ್ಲೇ ಪಕ್ಕದ ಮನೆಯವರ ಹತ್ತಿರ ಹೋಗಿ ಎಲ್ಲ ಹೇಳಿದೆ. ಕೇಳಿಸಿಕೊಂಡರು.

“ಪೊಲೀಸ್ ಇದ್ರ ಇರು. ಮದುವಿನೂ ಸುಳ್ಳೇನು?”

“ಸುಳ್ಳರೀ, ಅಕ್ಕಾ.”

“ನಿಮ್ಮಿಬ್ಬರ ಸಲುವಾಗಿ ಮನ್ಯಾಗ ಜಗಳಾ ಮಾಡೀನಲ್ಲಬೇ!” ಎಂದವರೇ ಬಾಗಿಲು ಹಾಕಿಕೊಂಡರು.

ಸಹೋದ್ಯೋಗಿ ಅಂದೇ ಸಂಜೆ ಮಸ್ಕಿ ಬಸ್ಸು ಹತ್ತಿದರು. ಲಿಂಗಸುಗೂರಿನಲ್ಲಿ ನಮ್ಮ ಮನೆಯವರು ನನಗೆ ಗಂಡು ನೋಡತೊಡಗಿದರು. ಬಂದವರ ಪ್ರಶ್ನೆಗಳಿಗೆಲ್ಲ ನಾನು ಸಲೀಸಾಗಿ ಉತ್ತರಿಸುತ್ತಿದ್ದೆ. ಹೆಂಡತಿಯಂತೆ ಮಾತಾಡುವುದು ರೂಢಿಯಾಗಿಬಿಟ್ಟಿತ್ತು. ಅದೇ ನನ್ನನ್ನು ಕಂಗೆಡಿಸುತ್ತಿತ್ತು.

ಮದುವೆ ಗೊತ್ತಾದಾಗ ಪಕ್ಕದ ಮನೆಯ ಆ ಅಕ್ಕನನ್ನು ಕರೆಯಲು ಸಿಂಧನೂರಿಗೆ ಹೋದೆ.

“ಈ ಸಲ ಖರೇನ ಏನು?” ಎಂದರು. ನಗಲಿಲ್ಲ. ಬರುತ್ತೇನೆಂದೂ ಹೇಳಲಿಲ್ಲ. ಆದರೂ ಒಳಗೆ ಕರೆದು ಕೂರಿಸಿದರು. ಚಹಾ ಬರುವವರೆಗೆ ನಾನು ಎರಡು ಸಲ ಎದ್ದು, ಎರಡು ಸಲ ಕೂತೆ.