ನಿಮ್ಮ ಮನೆಯ ನಗು ಸ್ವಲ್ಪ ಕಡಿಮೆ ಮಾಡಿ

ಹೋದ ತಿಂಗಳು ನಮ್ಮ ಅಂಚೆಪೆಟ್ಟಿಗೆಯಲ್ಲಿ ಒಂದು ಚೀಟಿ ಬಿದ್ದಿತ್ತು. ಕೈಬರಹ, ಡಚ್ ಭಾಷೆ, ಅತಿ ವಿನಯ. ಬರೆದವರು ಕೆಳಗಿನ ಮಹಡಿಯ ಮೇಡಂ. 'ಪ್ರಿಯ ನೆರೆಯವರೇ, ಪ್ರತಿದಿನ ಮಧ್ಯಾಹ್ನ ನಾಲ್ಕಕ್ಕೆ ನಿಮ್ಮ ಮನೆಯಿಂದ ಬಹಳ ಜನ ನಗುವ ಸದ್ದು ಬರುತ್ತದೆ. ದಯವಿಟ್ಟು ಸ್ವಲ್ಪ ಕಡಿಮೆ ಮಾಡುವಿರಾ?'

ಎರಡು ಸಲ ಓದಿದೆ. ನನ್ನ ಡಚ್ ಮೇಲೆ ನಂಬಿಕೆ ಸಾಲದೆ ಫೋನಿಗೂ ಓದಿಸಿದೆ. ನಗುವೇ.

ನನ್ನ ಹೆಂಡತಿ ಸುಮಾ ಧಾರವಾಡದವಳು. ಸೊಂಟದ ಮೇಲೆ ಕೈಯಿಟ್ಟಳು.

"ನಮ್ಮನ್ಯಾಗ? ನಗೂದು? ನೀವು ನಕ್ಕಿದ್ದು ನೋಡಿ ಎಷ್ಟ ದಿನಾ ಆತು? ಆಕಿ ತಪ್ಪ ಡಬ್ಬಿಗೆ ಹಾಕ್ಯಾಳ. ನಮ್ಮನಿ ಅಲ್ಲಂತ ಬರದ ಕೊಡ್ರಿ."

ನೆದರ್ಲೆಂಡ್ಸಿನ ಕಾಪೆಲ್ಲೆ ಆನ್ ಡೆನ್ ಐಸೆಲ್ ಎಂಬ ಊರಿನ ನಮ್ಮ ಕಟ್ಟಡದಲ್ಲಿ ಸದ್ದು ಎಂದರೆ ಭಾರತೀಯರ ಮನೆ ಎಂಬುದು ವಿಚಾರಣೆ ಇಲ್ಲದೆ ಆಗುವ ತೀರ್ಮಾನ. ಕುಕ್ಕರಿನ ಸೀಟಿ ನಮ್ಮದು, ಒಪ್ಪುತ್ತೇನೆ. ಒಗ್ಗರಣೆಯ ಘಾಟೂ ನಮ್ಮದೇ. ಆದರೆ ನಗು? ಅಷ್ಟು ದೊಡ್ಡ ಆರೋಪಕ್ಕೆ ನಾವು ಯೋಗ್ಯರಲ್ಲ.

ನಾಲ್ಕರ ಹೊತ್ತಿಗೆ ನಾವಿಬ್ಬರೂ ಕೆಲಸದಲ್ಲಿರುತ್ತೇವೆ; ಮಾರನೆಯ ದಿನ ಮಾತ್ರ ನನಗೆ ವರ್ಕ್ ಫ್ರಂ ಹೋಂ. ಸರಿಯಾಗಿ ನಾಲ್ಕಕ್ಕೆ ಮೇಲಿನ ಮನೆಯಲ್ಲಿ ಇನ್ನೂರು ಜನ ಒಟ್ಟಿಗೆ ನಕ್ಕರು. ಮೆಟ್ಟಿಲು ಹತ್ತಿ ಬೆಲ್ ಮಾಡಿದೆ.

ಬಾಗಿಲು ತೆರೆದದ್ದು ಎಂಬತ್ತರ ಆಸುಪಾಸಿನ ಮುದುಕ. ಇಸ್ತ್ರಿ ಮಾಡಿದ ಶರ್ಟು, ಟೈ, ಕಾಲಿಗೆ ಮನೆಯ ಚಪ್ಪಲಿ. ಹಿಂದೆ ಟಿವಿಯಲ್ಲಿ ಅದೇ ಮೂಗಿನ ಯುವಕನೊಬ್ಬ ಸೂಟ್‌ಕೇಸ್ ಎಡವಿ ಬೀಳುತ್ತಿದ್ದ.

"ಅದು ನಾನೇ," ಎಂದ ಮುದುಕ. "ಬನ್ನಿ, ಇನ್ನೂ ಎರಡು ಸಲ ಬೀಳ್ತೀನಿ."

ಹೆಸರು ಎಲಾದಿಯೋ. ಸ್ಪೇನಿನವರು. (ನಮ್ಮಿಬ್ಬರ ಮಾತು ಮುರುಕು ಇಂಗ್ಲಿಷಿನಲ್ಲಿ. ಇಲ್ಲಿ ಕನ್ನಡದಲ್ಲಿ ಎಷ್ಟು ಚೆನ್ನಾಗಿ ಮಾತಾಡುತ್ತಾರೆ ನೋಡಿ, ಅದು ನನ್ನ ಕೈಚಳಕ.) ರೈಲ್ವೆ ಟಿಕೆಟ್ ಕೌಂಟರಿನಲ್ಲಿದ್ದವರು ನಾಟಕದ ಹುಚ್ಚಿನಿಂದ ಮ್ಯಾಡ್ರಿಡ್‌ಗೆ ಬಂದು, ಸೋಪಿನ ಪುಡಿಯ ಜಾಹೀರಾತಿಗೆ ದನಿ ಕೊಟ್ಟು, ಕೊನೆಗೆ ಟಿವಿಯ ಒಂದು ಹಾಸ್ಯ ಧಾರಾವಾಹಿಯಲ್ಲಿ ಭಾಮೈದನಾದರು. ಎರಡು ದಿನಕ್ಕೆಂದು ಅಕ್ಕನ ಮನೆಗೆ ಬಂದವನು ಹೊರಡುವುದೇ ಇಲ್ಲ. ವಾರ ವಾರ ಸೂಟ್‌ಕೇಸ್ ಹಿಡಿದು, "ನಾಳೆ ಹೊರಡ್ತೀನಿ ಭಾವ," ಎನ್ನುತ್ತಾನೆ. ಹನ್ನೊಂದು ವರ್ಷ ಹೀಗೇ ಹೊರಟರು.

ಆಮೇಲೆ ಸ್ಪೇನಿಗೆ ಸ್ಪೇನೇ ಇವರನ್ನು ಬೇರೆ ಯಾವ ಪಾತ್ರಕ್ಕೂ ಬಿಡಲಿಲ್ಲ. ಒಮ್ಮೆ ರಂಗದ ಮೇಲೆ ರಾಜನಾಗಿ ಸತ್ತು ಬಿದ್ದಾಗ ಗ್ಯಾಲರಿಯಿಂದ ಯಾರೋ ಕೂಗಿದರಂತೆ: "ನಾಳೆ ಹೊರಡ್ತೀಯಾ?" ಇಡೀ ಸಭಾಂಗಣ ಬಿದ್ದು ಬಿದ್ದು ನಕ್ಕಿತು.

"ನೀವೇನು ಮಾಡಿದ್ರಿ?"

"ಎದ್ದು ನಮಸ್ಕಾರ ಮಾಡಿದೆ."

ಮುಂದಿನ ವಾರ ಮತ್ತೆ ಹೇಳಿದಾಗ ಇದೇ ಕಥೆಯಲ್ಲಿ ಅವರು ಅಲುಗಾಡದೆ ಸತ್ತೇ ಬಿದ್ದಿದ್ದರು. ಅದರ ಮುಂದಿನ ವಾರ ಅಳುತ್ತಾ ಬಿದ್ದಿದ್ದರು. ಮೂರು ನೆನಪು, ಒಂದೇ ಬಾಯಿ. ನನಗೆ ಖುಷಿಯಾಯಿತು. ನಾಲ್ಕನೇ ವಯಸ್ಸಿನಲ್ಲಿ ಅಜ್ಜಿ ಹೇಳಿದ ಮಾತನ್ನು ಅಲ್ಪವಿರಾಮ ಸಮೇತ ನೆನಪಿಟ್ಟುಕೊಂಡು ಅಂಕಣ ಬರೆಯುವವರಿಗಿಂತ (ಹೆಸರು ಬೇಡ, ಪಕ್ಕದ ಪುಟದಲ್ಲೇ ಇದ್ದಾರೆ) ಈ ಮನುಷ್ಯ ಪ್ರಾಮಾಣಿಕ ಅನ್ನಿಸಿತು.

ಅಂದಹಾಗೆ, ಇಲ್ಲಿ ಮಗಳು ನೂರಿಯಾಳ ಮನೆಗೂ ಅವರು ಎರಡು ವಾರಕ್ಕೆಂದೇ ಬಂದದ್ದು. ಆರು ವರ್ಷವಾಯಿತು. ಇದನ್ನು ನಾನು ಕಟ್ಟಿ ಹೇಳುತ್ತಿಲ್ಲ. ಕಟ್ಟಿದ್ದರೆ ಅವರೇ ಕಟ್ಟಿರಬೇಕು.

ಮಗಳು ಆಫೀಸಿಗೆ ಹೋಗಿರುತ್ತಾಳೆ. ನಾಲ್ಕಕ್ಕೆ ಇವರು ಹಳೇ ಕಂತು ಹಾಕಿ ವಾಲ್ಯೂಮ್ ತುದಿಗೇರಿಸುತ್ತಾರೆ. ಆ ಮೊದಲ ದಿನವೇ ಚೀಟಿಯ ವಿಷಯ ಹೇಳಿದೆ. ಜೊತೆಗೆ ಸ್ವಲ್ಪ ಚುಚ್ಚಿದೆ: "ನಿಮ್ಮ ನಟನೆ ನೀವೇ ಇಷ್ಟು ಜೋರಾಗಿ ನೋಡಬೇಕಾ?"

"ನನ್ನ ನಟನೆಯಾ? ಅದು ಕೆಟ್ಟದಾಗಿದೆ," ಎಂದರು. "ಸುಮ್ಮನೆ ಕೇಳಿ."

ಟಿವಿಯಲ್ಲಿ ಭಾಮೈದ ಬಿದ್ದ. ಇನ್ನೂರು ಜನ ನಕ್ಕರು. ನಗು ಇಳಿಯಿತು. ಎಲ್ಲ ಮುಗಿದ ಮೇಲೆ ಒಂದೇ ಒಂದು ಹೆಂಗಸಿನ ನಗು, ಬಿಕ್ಕಳಿಕೆಯ ಹಾಗೆ, ತಡವಾಗಿ ಬಂತು.

"ಪಿಲಾರ್. ನನ್ನ ಹೆಂಡತಿ. ಮೂರನೇ ಸಾಲು."

ವಿಷಯ ಇಷ್ಟು. ಮೊದಲ ವರ್ಷ ಮಾತ್ರ ಸ್ಟುಡಿಯೋದಲ್ಲಿ ನಿಜವಾದ ಪ್ರೇಕ್ಷಕರಿದ್ದರು. ಆಮೇಲೆ ಖರ್ಚೆಂದು ಅವರನ್ನು ಬಿಟ್ಟು, ಅವರ ನಗುವನ್ನು ಇಟ್ಟುಕೊಂಡರು. ಬೇಕಾದಲ್ಲಿ ಕತ್ತರಿಸಿ ಅಂಟಿಸಿದರು. ಸೌಂಡ್ ಮಾಡುವವನಿಗೆ ಆ ತಡವಾದ ನಗು ಇಷ್ಟವಾಗಿ ಕಂತಿಗೊಂದು ಸಲ ಹಾಕುತ್ತಿದ್ದ. ಪಿಲಾರ್ ತೀರಿಕೊಂಡದ್ದು ಏಳನೇ ವರ್ಷ. ಆ ವಾರವೂ ನಕ್ಕಳು.

ಈಗ ಚಾನೆಲ್‌ನವರು ಪತ್ರ ಬರೆದಿದ್ದಾರೆ. ಶುಭ ಸುದ್ದಿ! ಧಾರಾವಾಹಿಗೆ ಹೊಳಪು ಕೊಟ್ಟು ಮತ್ತೆ ಆನ್‌ಲೈನ್ ಹಾಕುತ್ತಾರೆ. ಎಲ್ಲಿ ನಗಬೇಕೆಂದು ಹೇಳಿಸಿಕೊಳ್ಳುವುದು ಇಂದಿನವರಿಗೆ ಹಿಡಿಸದ ಕಾರಣ ನಗುವನ್ನು ತೆಗೆಯುತ್ತಾರೆ. ಹಳೆಯ ಕಂತುಗಳು ತಿಂಗಳ ಕೊನೆಗೆ ಮಾಯ. (ಎಲ್ಲಿ ಲೈಕ್ ಒತ್ತಬೇಕೆಂದು ಹೇಳಿಸಿಕೊಳ್ಳುವ ಜನಕ್ಕೆ ಎಂಥ ಸ್ವಾಭಿಮಾನ!)

"ನೀವು ಭಾರತೀಯರು," ಎಂದರು ಎಲಾದಿಯೋ. "ಕಂಪ್ಯೂಟರ್. ಅವಳೊಬ್ಬಳನ್ನ ಬಿಡಿಸಿ ಕೊಡಿ. ಉಳಿದವರು ಬೇಡ. ನಾನಂತೂ ಬೇಡವೇ ಬೇಡ."

ನನ್ನ ಕೆಲಸ ಕಂಟೇನರುಗಳ ಪಟ್ಟಿ ಮಾಡುವುದು. ಹಾಗೆಂದು ಹೇಳಲು ಯಾವ ಭಾರತೀಯನಿಗೆ ಬಾಯಿ ಬರುತ್ತದೆ? ಎರಡು ಶನಿವಾರ ಹೆಡ್‌ಫೋನ್ ಹಾಕಿಕೊಂಡು ಒಂದೇ ನಗುವನ್ನು ನೂರಾರು ಸಲ ಕೇಳಿದೆ.

"ಯಾರ್ರೀ ಆಕಿ?" ಎಂದಳು ಸುಮಾ.

"ಮೇಲಿನ ಮನೆಯವರ ಹೆಂಡತಿ. ತೀರಿಕೊಂಡಿದ್ದಾರೆ."

"ಸತ್ತವ್ರ ನಗೂ ಹುಡುಕ್ಲಿಕ್ಕೆ ಟೈಮ್ ಅದ. ಆ ಚೀಟಿಗೆ ಉತ್ತರ ಬರೀಲಿಕ್ಕೆ ಇಲ್ಲ."

ಕೊನೆಗೆ ಸಿಕ್ಕಿತು. ಮೂರು ಸೆಕೆಂಡು, ಶುದ್ಧವಾಗಿ. ಅದರೊಂದಿಗೆ ಈ ವಾರದ ಅಂಕಣವೂ ಸಿಕ್ಕಿತು. ಪ್ರೀತಿ, ಸಾವು, ತಂತ್ರಜ್ಞಾನ. ಓದುಗರು ಕಣ್ಣೊರೆಸಿಕೊಳ್ಳುವ ಜಾಗವನ್ನೂ ಗುರುತು ಮಾಡಿದ್ದೆ.

ನೂರಿಯಾ ಸಿಕ್ಕಿ ಎಲ್ಲ ಹಾಳು ಮಾಡಿದಳು. ಲಿಫ್ಟಿನಲ್ಲೋ ಸೈಕಲ್ ಕೊಠಡಿಯಲ್ಲೋ ನೆನಪಿಲ್ಲ. ಲಿಫ್ಟ್ ಎಂದೇ ಇರಲಿ, ಅಲ್ಲಿ ಮಾತು ಬೇಗ ಮುಗಿಸಬೇಕಾಗುತ್ತದೆ.

"ನಿಮ್ಮ ತಾಯಿಯ ನಗು ಸಿಕ್ಕಿತು," ಎಂದೆ, ಪದಕ ನಿರೀಕ್ಷಿಸುವವನಂತೆ.

"ಅಮ್ಮ ಆ ಸ್ಟುಡಿಯೋಗೆ ಕಾಲಿಟ್ಟವಳೇ ಅಲ್ಲ," ಎಂದಳು. "ಆ ಧಾರಾವಾಹಿ ಕಂಡರೆ ಆಗುತ್ತಿರಲಿಲ್ಲ. ತರಕಾರಿ ಅಂಗಡಿಯಲ್ಲೂ ಜನ 'ನಿಮ್ಮ ಯಜಮಾನರು ನಾಳೆ ಹೊರಡ್ತಾರಾ' ಅಂತ ಕೇಳುತ್ತಿದ್ದರು. ಶೂಟಿಂಗ್ ದಿನ ಚಿಕ್ಕಮ್ಮನ ಮನೆಗೆ ಹೋಗಿಬಿಡುತ್ತಿದ್ದಳು. ನಾನೂ ಜೊತೆಗೇ ಇರುತ್ತಿದ್ದೆ."

"ಮತ್ತೆ ಇದು ಯಾರು?"

"ಯಾರಿಗೆ ಗೊತ್ತು. ಬಸ್ಸಿನಲ್ಲಿ ಜನರನ್ನು ಕರೆತರುತ್ತಿದ್ದರು. ಒಂದು ಸ್ಯಾಂಡ್‌ವಿಚ್, ಒಂದು ಜ್ಯೂಸು. ಅವರಲ್ಲಿ ಒಬ್ಬಳು."

ಮೂರು ಸೆಕೆಂಡು ಜೇಬಿನಲ್ಲಿ ಬಿಸಿಯಾಯಿತು. "ಹಾಗಾದರೆ ನಿಮ್ಮಮ್ಮ ಹೇಗೆ ನಗುತ್ತಿದ್ದರು?"

ನಮ್ಮ ಮಹಡಿ ಬಂತು, ಬಾಗಿಲು ತೆರೆಯಿತು. ನಾನು ಇಳಿಯಲಿಲ್ಲ.

"ಕಿವಿಯಲ್ಲಿ ಹುಡುಕಿದರೆ ಇದೇ ಬರುತ್ತೆ," ಎಂದಳು. "ಆರು ವರ್ಷದಿಂದ ಅಪ್ಪ ದಿನಾ ರಾತ್ರಿ ನನಗೂ ಕೇಳಿಸ್ತಾನೆ, ಸಣ್ಣ ದನಿಯಲ್ಲಿ. ಅವಳದ್ದು ಹೋಯಿತು."

ಭಾನುವಾರ ಮೇಲೆ ಹೋದೆ. ಸತ್ಯ ಹೇಳಬೇಕೆಂದುಕೊಂಡೇ ಹೋದೆ. (ಅಂಕಣಕಾರರು ಸತ್ಯ ಹೇಳುವುದು ಹಾಳೆಯ ಮೇಲೆ, ಎದುರಿಗೆ ಯಾರೂ ಕೂತಿಲ್ಲದಾಗ.) ಎಲಾದಿಯೋ ಟೈ ಸರಿಮಾಡಿಕೊಂಡು ಕೂತರು. ಫೋನ್ ಒತ್ತಿದೆ. ಇನ್ನೂರು ಜನರಿಲ್ಲದ, ಸೂಟ್‌ಕೇಸಿಲ್ಲದ, ಕಾರಣವಿಲ್ಲದ ನಗು.

ಅವರು ಗಡಿಯಾರ ನೋಡಿದರು. "ಇವತ್ತೂ ಲೇಟು," ಎಂದರು. "ಇನ್ನೊಂದು ಸಲ."

ಏಳು ಸಲ ಹಾಕಿದೆ. ನೂರಿಯಾ ಅಡುಗೆಮನೆಯ ಬಾಗಿಲಲ್ಲಿ ಒರೆಸಿದ ಕಪ್ಪನ್ನೇ ಒರೆಸುತ್ತಿದ್ದಳು. ಅವಳು ಬಾಯಿ ಬಿಡಲಿಲ್ಲ. ನಾನೂ ಬಿಡಲಿಲ್ಲ. ಹೊರಡುವಾಗ ಬಾಗಿಲ ತನಕ ಬಂದು ಮೆಲ್ಲಗೆ ಕೇಳಿದಳು: "ನನಗೂ ಒಂದು ಕಾಪಿ ಕಳಿಸಿ."

ಕಳಿಸಿದೆ. ಸ್ಯಾಂಡ್‌ವಿಚ್ ತಿನ್ನಲು ಬಂದಿದ್ದ ಯಾವುದೋ ಪುಣ್ಯಾತ್ಗಿತ್ತಿ ಈಗ ಎರಡು ಫೋನುಗಳಲ್ಲಿ ಅಧಿಕೃತವಾಗಿ ಪಿಲಾರ್.

ಮನೆಗೆ ಬಂದರೆ ಸುಮಾ ಪೆನ್ನು ಕಾಗದ ಹಿಡಿದು ಕೂತಿದ್ದಳು. "ಇವತ್ತರ ಬರದ ಕೊಡ್ರಿ. ಆಕಿ ಇಡೀ ಬಿಲ್ಡಿಂಗಿಗೆ ಸಾರತಾಳ, ನಾವು ದಿನಾ ನಗತೀವಂತ."

ನಾನು ಬರೆಯಲಿಲ್ಲ. ಚೀಟಿಯನ್ನು ಮಡಚಿ, ಪಾಸ್‌ಪೋರ್ಟು, ರೆಸಿಡೆನ್ಸ್ ಪರ್ಮಿಟ್ ಇರುವ ಫೈಲಿಗೆ ಸೇರಿಸಿದೆ. ತಾರೀಖಿದೆ, ಮನೆ ನಂಬರಿದೆ, ಸಹಿಯಿದೆ.

ನಮ್ಮ ಮನೆಯಲ್ಲಿ ನಗು ಹೆಚ್ಚಾಗಿತ್ತು ಎನ್ನುವುದಕ್ಕೆ ಮುಂದೊಂದು ದಿನ ಸಾಕ್ಷಿ ಬೇಡವೇ?