ಆರು ಕೋಣೆ, ಮೂವತ್ತಾರು ಮುದ್ದೆ

ಅವರೆಕಾಯಿಯ ಸೊಗಡು ಬೆರಳಿಗೆ ಹತ್ತಿದರೆ ಸೋಪು ಹಾಕಿದರೂ ಎರಡು ದಿನ ಹೋಗುವುದಿಲ್ಲ. ಮೊನ್ನೆ ತರಕಾರಿ ಗಾಡಿಯ ಮುಂದೆ ಕಾಯಿ ಆರಿಸುತ್ತಿದ್ದಾಗ ಆ ವಾಸನೆ ಎದ್ದಿತು. ಎದ್ದದ್ದೇ ತಡ, ನಾನು ಪಟ್ಟಂದೂರು ಅಗ್ರಹಾರದ ನಮ್ಮ ಹಳೇ ಮನೆಯ ಜಗಲಿಯಲ್ಲಿ ಮುನಿಯಮ್ಮಜ್ಜಿಯ ಪಕ್ಕ ಕೂತಿದ್ದೆ. ಹೊಲವೆಲ್ಲ ಐಟಿ ಪಾರ್ಕಿನ ಗೋಡೆಯೊಳಗೆ ಸೇರಿಹೋದ ಮೇಲೆ ಅಜ್ಜಿ ಹಿತ್ತಲಲ್ಲಿ ಶೀಟು ಹೊದಿಸಿದ ಆರು ಕೋಣೆ ಕಟ್ಟಿಸಿ, ದೂರದಿಂದ ಕೆಲಸಕ್ಕೆ ಬಂದವರಿಗೆ ಬಾಡಿಗೆಗೆ ಕೊಟ್ಟಿದ್ದಳು.

ನಾನಾಗ ನಾಲ್ಕನೇ ಕ್ಲಾಸು. ಮಗ್ಗಿ ಬಾಯಿಗೆ ಬರುತ್ತಿತ್ತು, ಆದರೆ ಲೆಕ್ಕವನ್ನು ಕತೆಯಂತೆ ಕೊಟ್ಟರೆ ಗುಣಿಸಬೇಕೋ ಭಾಗಿಸಬೇಕೋ ತಿಳಿಯುತ್ತಿರಲಿಲ್ಲ. ಎಪ್ಪತ್ತೆರಡು ಮಾವಿನಹಣ್ಣನ್ನು ಆರು ಬುಟ್ಟಿಗೆ ಸಮನಾಗಿ ತುಂಬಿ ಎಂದರೆ, ಒಂದೊಂದು ಬುಟ್ಟಿಗೂ ನಾನೂರ ಮೂವತ್ತೆರಡು ಹಣ್ಣು ತುರುಕಿದ್ದೆ. ಮಿಸ್ ಅದನ್ನು ಓದಿದಾಗ ಇಡೀ ಕ್ಲಾಸು ನಕ್ಕಿತ್ತು. ಮನೆಗೆ ಬಂದು ನಡೆದದ್ದನ್ನೆಲ್ಲ ಹೇಳಿ, ಇನ್ನು ಸ್ಕೂಲಿಗೇ ಹೋಗುವುದಿಲ್ಲವೆಂದು ಅಜ್ಜಿಯ ಸೆರಗಿನಲ್ಲಿ ಮುಖ ಹುದುಗಿಸಿ ಅತ್ತೆ. ಅಜ್ಜಿ ಸಮಾಧಾನ ಹೇಳಲಿಲ್ಲ. ಸುಲಿದ ಕಾಳನ್ನು ಆರು ಗುಡ್ಡೆ ಮಾಡಿದಳು.

"ಒಂದ್ ಗುಡ್ಡೇಲಿ ಎಷ್ಟೈತೆ?"

"ಗೊತ್ತಿಲ್ಲ."

"ಗೊತ್ತಿಲ್ದಿದ್ದಕ್ಕೆ ನಿಮ್ ಇಸ್ಕೂಲಲ್ಲಿ ಏನ್ ಬರೀತಾರೆ?"

"ಖಾಲಿ ಚೌಕ."

"ಅಂಗಾರೆ ಅದ್ನೇ ಬರಿ. ಆರು ಬುಟ್ಟಿ, ಒಂದೊಂದ್ರಾಗೂ ಒಂದ್ ಚೌಕದಷ್ಟು, ಎಲ್ಲಾ ಸೇರಿ ಎಪ್ಪತ್ತೆರಡು. ಕತೆ ಇಷ್ಟೇ ತಾನೆ?"

6 × □ = 72 ಎಂದು ಬರೆದೆ. ಮಗ್ಗಿ ಹೇಳುತ್ತ ಹೋಗಿ ಹನ್ನೆರಡಕ್ಕೆ ನಿಂತೆ. ಅದರ ಕೆಳಗೆ 72 ÷ 6 = □ ಎಂದು ಬರೆದಾಗ, ಭಾಗಾಕಾರವೆಂದರೆ ಅದೇ ಕತೆಯನ್ನು ಕೊನೆಯಿಂದ ಹೇಳುವುದು ಎಂದು ಹೊಳೆಯಿತು. ಓದು ಬಾರದ ಅಜ್ಜಿ ನನ್ನ ಸ್ಲೇಟನ್ನು ನೋಡಿ ತಲೆಯಾಡಿಸಿದಳು.

ಪ್ರತಿ ವರ್ಷ ಅವರೆಯ ಕಾಲದಲ್ಲಿ ಒಂದು ಭಾನುವಾರ ಅಜ್ಜಿ ಬಾಡಿಗೆಯವರಿಗೆಲ್ಲ ಹಿತಕಿದ ಬೇಳೆ ಸಾರು, ಮುದ್ದೆ ಮಾಡಿ ಬಡಿಸುತ್ತಿದ್ದಳು. ಆ ವರ್ಷ ಅಪ್ಪ ಅಮ್ಮ ನೆಂಟರ ಮನೆಗೆ ಹೋಗಿದ್ದರು. "ಆರು ಕೋಣೆ, ಕೋಣೆಗೆ ಮೂರು ಜನ, ತಲೆಗೆ ಎರಡು ಮುದ್ದೆ. ನೀನೇ ಹೇಳು," ಎಂದಳು. 6 × 3 × 2 = □. ನಾನು ಮೂವತ್ತಾರು ಎಂದೆ. ಅಜ್ಜಿ ಒಂದೂ ಹೆಚ್ಚು ಕಡಿಮೆಯಿಲ್ಲದಂತೆ ಮೂವತ್ತಾರು ಕಟ್ಟಿದಳು. ಮುದ್ದೆಯನ್ನೇ ಕಂಡಿರದವರು ಅದನ್ನು ಅಗಿಯುತ್ತಿದ್ದರು. ಅಜ್ಜಿ ಒಬ್ಬೊಬ್ಬರ ಮುಂದೆ ಕೂತು "ಅಗೀಬ್ಯಾಡ, ನುಂಗಪ್ಪಾ" ಎಂದು ಕತ್ತು ಚಾಚಿ ತೋರಿಸುವಾಗ ಹಿತ್ತಲೆಲ್ಲ ನಗು. ಎಲ್ಲರೂ ಎದ್ದ ಮೇಲೆ ಮೊರದಲ್ಲಿ ಒಂದೂ ಮುದ್ದೆ ಉಳಿದಿರಲಿಲ್ಲ. ನಮ್ಮಿಬ್ಬರಿಗೂ ಇರಲಿಲ್ಲ. ನನ್ನ ಮುಖ ಸಣ್ಣಗಾಯಿತು.

"ಲೆಕ್ಕ ಸರ್ಯಾಗೇ ಐತೆ ಕಣವ್ವ. ನಮ್ಮಿಬ್ರುನ್ನ ಸೇರ್ಸೋದ್ನ ನಾನೇ ಮರ್ತೆ," ಎಂದು ಅಜ್ಜಿ ಕಣ್ಣಲ್ಲಿ ನೀರು ಬರುವವರೆಗೂ ನಕ್ಕಳು. ಪಾತ್ರೆಯ ತಳ ಹತ್ತಿದ ಹಿಟ್ಟನ್ನು ಕೆರೆದು, ಸಾರು ಸುರಿದು, ಇಬ್ಬರೂ ಒಂದೇ ತಟ್ಟೆಯಲ್ಲಿ ತಿಂದೆವು. ಅಷ್ಟು ರುಚಿಯಾದ ಊಟ ನಾನು ಮತ್ತೆಂದೂ ಉಂಡಿಲ್ಲ.

ಅಜ್ಜಿ ಹೋಗಿ ಬಹಳ ವರ್ಷಗಳಾದವು. ಆ ಮನೆಯ ಜಾಗದಲ್ಲಿ ಐದು ಅಂತಸ್ತಿನ ಪೀಜಿ ಎದ್ದಿದೆ. ಒಮ್ಮೊಮ್ಮೆ ಆ ಕಡೆ ಹೋದಾಗ ಗುರುತೇ ಸಿಗದೆ, ನಾನು ಹುಟ್ಟಿದ ಬೀದಿಗೆ ಯಾವ ತಿರುವೆಂದು ಅಲ್ಲಿ ನಿಂತ ಯಾರನ್ನಾದರೂ ಕೇಳುತ್ತೇನೆ.